ದಶಕೋಟಿಯನ್ನು ಲಕ್ಷದಿಂದ ಭಾಗಿಸಿದಾಗ

ಎಲ್ಲ ಎಣಿಕೆಗೂ ಮೊದಲಾಗಿದ್ದು ಯಾವ ಎಣಿಕೆಗೂ ಎಟುಕದ ಸವಿತೃದೇವನೇ, ಈ ಕಥೆಯ ನಾಲಗೆಯ ಮೇಲೆ ನಿಲ್ಲು.

ಸೀಮೆಸುಣ್ಣದ ಪುಡಿ, ಬಿಸಿಲಕೋಲಿನಲ್ಲಿ ತೇಲುವ ಬಿಳಿಯ ಪುಡಿ, ಹಾಸನದ ಈ ಹೆಣ್ಣುಮಕ್ಕಳ ಶಾಲೆಯ ಕಿಟಕಿಯಿಂದ ಇಳಿದು ದಾಕ್ಷಾಯಣಮ್ಮನ ಕರಿಹಲಗೆಗೆ ತಗುಲಿದ ಬಿಸಿಲು — ಇದೇ ಬಿಸಿಲಲ್ಲವೇ ಮುಂಜಾನೆ ಹೊಳೆನರಸೀಪುರದಲ್ಲಿ, ಹೇಮಾವತಿಯಲ್ಲಿ ಸೊಂಟದುದ್ದ ನಿಂತ ಅಪ್ಪಯ್ಯನ ಬೊಗಸೆಯಲ್ಲಿ, ಅರ್ಘ್ಯದ ನೀರಿನೊಳಗೆ ನಡುಗುತ್ತಿದ್ದ ಪುಟ್ಟ ಸೂರ್ಯ — ರೈಲಿಗೆ ಹೊತ್ತಾಯ್ತು ಹೊರಡು ಮಗು, ಈ ಬೆಳಕು ಸೂರ್ಯನಿಂದ ಹೊರಟು ಎಷ್ಟು ಹೊತ್ತಾಯ್ತು ಅಂತ ಸಾಯಂಕಾಲ ಬಂದು ಹೇಳು, ನಿನ್ನ ಲೆಕ್ಕದಲ್ಲಿ ಅದೂ ಬರುತ್ತಂತಲ್ಲ — ಬರುತ್ತದೆ ಅಪ್ಪಯ್ಯ, ಬಂದೇ ಬರುತ್ತದೆ, ಇಷ್ಟು ವರ್ಷ ರಾಮಃ ರಾಮೌ ಹೇಳಿಸಿದ ಸಂಸ್ಕೃತ ಪಂಡಿತೆ ತಾನು, ಇವತ್ತಿನ ಪಾಠ ಪರೀಕ್ಷಕರಿಗೆ ಒಪ್ಪಿಗೆಯಾದರೆ ಕೊನೆಯ ತರಗತಿಯ ಗಣಿತ, ಇಲ್ಲವಾದರೆ ಮತ್ತೆ ಅದೇ ರಾಮಃ ರಾಮೌ, ತಾನೇ ಬೇಡಿಕೊಂಡ ಪರೀಕ್ಷೆ, ಮೂಲೆಯ ಕುರ್ಚಿಯಲ್ಲಿ ಹೆಡ್‌ಮಿಸ್ ನೀಲಗಂಗಮ್ಮ, ಪಕ್ಕದಲ್ಲಿ ಪರೀಕ್ಷಕ ಕೃಷ್ಣಪ್ಪನವರು — ಸೂರ್ಯನ ದೂರ ಕಿಲೋಮೀಟರೆಂಬ ಈ ಹೊಸ ಅಳತೆಯಲ್ಲಿ ಒಂದೂವರೆ ದಶಕೋಟಿ, ಬೆಳಕಿನ ನಡೆ ಸೆಕೆಂಡಿಗೆ ಮೂರು ಲಕ್ಷ, ಅಪ್ಪಯ್ಯ ಕಲಿಸಿದಂತೆ ಬೆರಳ ಗೆಣ್ಣಿನ ಮೇಲೆ ಏಕ, ದಶ, ಶತ, ಸಹಸ್ರ, ದಶಸಹಸ್ರ, ಲಕ್ಷ, ದಶಲಕ್ಷ, ಕೋಟಿ, ದಶಕೋಟಿ, ಹಾಗಾದರೆ ದಶಕೋಟಿ ಒಂಬತ್ತನೆಯ ಗೆಣ್ಣು, ಲಕ್ಷ ಆರನೆಯದು, ಅವೇ ಹತ್ತರ ಘಾತಗಳು, ಹಲಗೆಯ ಮೇಲೆ 1.5 × 10⁹ ÷ 3 × 10⁶, ಒಂದೂವರೆಯನ್ನು ಮೂರರಿಂದ ಭಾಗಿಸಿದರೆ ಅರ್ಧ, ಒಂಬತ್ತರಲ್ಲಿ ಆರು ಕಳೆದರೆ ಮೂರು, ಮೂರನೆಯ ಗೆಣ್ಣು ಶತ, ಅರ್ಧ ಶತ, ಐವತ್ತು ಸೆಕೆಂಡು — ಗಟ್ಟಿಯಾಗಿಯೇ ಹೇಳಿಬಿಟ್ಟಳು.

ಐವತ್ತೇ ಸೆಕೆಂಡಾ ದಾಕ್ಷಾಯಣಮ್ಮಾರೇ, ಅರಕಲಗೂಡು ಬಸ್ಸು ಸ್ಟಾರ್ಟ್ ಆಗೋಕೇ ಅದಕ್ಕಿಂತ ಹೆಚ್ಚು ಹೊತ್ತು ಬೇಕು ಕಣಮ್ಮ, ಸೂರ್ಯ ಏನು ಚನ್ನರಾಯಪಟ್ಟಣದಲ್ಲವ್ನಾ — ಕೃಷ್ಣಪ್ಪನವರ ಮಾತಿಗೆ ಬೆಂಚುಗಳೆಲ್ಲ ಕಿಸಕ್ಕೆಂದವು, ನೀಲಗಂಗಮ್ಮ ಸೆರಗಿನಲ್ಲಿ ಬಾಯಿ ಮುಚ್ಚಿಕೊಂಡರು, ಕಿವಿ ಕಾದ ಹೆಂಚಾಯಿತು, ಎಲ್ಲಿ, ಎಲ್ಲಿ ತಪ್ಪಿತು, ಬೆರಳುಗಳೇ ಹೇಳಿ, ಏಕ ಎನ್ನುತ್ತ ಮೊದಲ ಗೆಣ್ಣು ಮುಟ್ಟಿದೆ, ಒಂದು ಎಂದು ಎಣಿಸಿದೆ — ಆದರೆ ಏಕಕ್ಕೆ ಸೊನ್ನೆಯೇ ಇಲ್ಲವಲ್ಲ! ಹತ್ತರಿಂದ ಅಲ್ಲಿ ಒಮ್ಮೆಯೂ ಗುಣಿಸಿಲ್ಲ, ಏಕದ ಘಾತ ಸೊನ್ನೆ, ದಶದ್ದು ಒಂದು, ದಶಕೋಟಿ ಎಂಟು, ಲಕ್ಷ ಐದು, ಎರಡರಲ್ಲೂ ಒಂದೊಂದು ಹೆಚ್ಚು ಬರೆದಿದ್ದೇನೆ, ಕಳೆಯುವಾಗ ಹೆಚ್ಚು ಹೆಚ್ಚನ್ನೇ ತಿಂದು ಮೂರು ಮಾತ್ರ ಕೂದಲೂ ಕೊಂಕದೆ ಉಳಿದಿದೆ, ತಪ್ಪಿದ್ದು ಆ ಮೂರನ್ನು ಹೆಸರಿಟ್ಟು ಕರೆಯುವಲ್ಲಿ, ಮೂರು ಸೊನ್ನೆ ಎಂದರೆ ಶತವಲ್ಲ, ಸಹಸ್ರ, ಸಹಸ್ರ! — ಅಂಗೈಯಿಂದಲೇ ಹಲಗೆ ಒರೆಸುತ್ತಾಳೆ, ಬಳೆಗಳು ಝಣಝಣ, 1.5 × 10⁸ ÷ 3 × 10⁵ = 0.5 × 10³ = 5 × 10², ಅರ್ಧ ಸಹಸ್ರ, ಐನೂರು, ಐನೂರು ಸೆಕೆಂಡು ಸಾರ್, ಎಂಟು ನಿಮಿಷದ ಮೇಲೆ ಇಪ್ಪತ್ತು ಸೆಕೆಂಡು, ನಾನು ಗೆಣ್ಣು ಎಣಿಸಿದೆ, ಸೊನ್ನೆ ಎಣಿಸಬೇಕಾಗಿತ್ತು, ನೋಡಿ ಮಕ್ಕಳೇ ನನ್ನ ತಪ್ಪನ್ನು, ಚೆನ್ನಾಗಿ ನೋಡಿ — ಬೆಂಚುಗಳು ನಗುತ್ತಿಲ್ಲ, ಒಂದೊಂದು ಬೆರಳೂ ಗೆಣ್ಣು ಮುಟ್ಟುತ್ತ ಸೊನ್ನೆಯಿಂದ ಎಣಿಸುತ್ತಿದೆ — ಬುಡಿ ಮೇಡಂ, ತಪ್ಪನ್ನೇ ಪಾಠ ಮಾಡ್ಬುಟ್ರಿ, ಸೋಮವಾರದಿಂದ ಗಣಿತ ನಿಮ್ದೇ, ಕೃಷ್ಣಪ್ಪನವರು ಎದ್ದು ನಿಂತು ಹೇಳುತ್ತಿದ್ದಾರೆ, ಹೌದೇ, ನನ್ನದೇ, ಅಪ್ಪಯ್ಯ, ಸಿಕ್ಕಿತು, ಗಣಿತವೂ ನಿಮ್ಮ ಪ್ರಶ್ನೆಗೆ ಉತ್ತರವೂ, ಎರಡೂ ಸಿಕ್ಕಿದವು, ನೀವು ನದಿಗಿಳಿಯುವ ಮೊದಲೇ ಹೊರಟಿತ್ತು ಆ ಬೆಳಕು, ಮಡಿ ಉಡುವಾಗ ದಾರಿಯಲ್ಲಿತ್ತು, ಮೆಟ್ಟಿಲಿಳಿಯುವಾಗ ದಾರಿಯಲ್ಲಿತ್ತು, ನೀವು ಬೊಗಸೆ ಎತ್ತಿದಿರಿ, ಬಂದು ಇಳಿಯಿತು — ಬೊಗಸೆ, ನೀರು, ನೀರಿನೊಳಗೆ ನಡುಗುವ ಸೂರ್ಯ —

ಈ ಕಥೆ ಕೇಳಿದವರೆಲ್ಲರ ಬೊಗಸೆಗೂ, ಎಂದೋ ಹೊರಟ ಆ ಬೆಳಕು ಬಂದು ಇಳಿಯಲಿ.