ಆರಡಿ ಒಂದಿಂಚು

"ಮೊಣಕಾಲು ಒಂಚೂರು ಮಡಿಚಿದ್ರೆ ಆಯ್ತಂತಮ್ಮ. ಮೇಲೆ ಬಟ್ಟೆ ಹೊದಿಸಿದ್ರೆ ಯಾರಿಗೂ ಗೊತ್ತಾಗಲ್ವಂತೆ," ಎಂದು ಬದರಿನಾಥ ತಾಯಿಯ ಪಕ್ಕ ಕುಕ್ಕರಗಾಲಲ್ಲಿ ಕೂತು ಮೆಲ್ಲಗೆ ಹೇಳಿದ.

ಮಗಳ ತಲೆ ಬಾಚುತ್ತಿದ್ದ ಭಾನುಮತಿಯವರ ಕೈ ನಿಂತಿತು. ಪೊರಿರುವಾ ಊರಿನ ಅವಳ ಬಾಡಿಗೆ ಮನೆಯ ಹಾಲಿನಲ್ಲಿ ರಚನಾಳನ್ನು ಹಾಸಿಗೆಯ ಮೇಲೆ ಮಲಗಿಸಿದ್ದರು. ಪಕ್ಕದಲ್ಲಿ, ಬೆಳಿಗ್ಗೆ ವ್ಯಾನಿನಿಂದ ಇಳಿಸಿದ್ದ ಪೈನ್ ಮರದ ಶವಪೆಟ್ಟಿಗೆ. ಒಳ್ಳೆಯ ಮರ, ಒಳ್ಳೆಯ ಹಿಡಿಕೆಗಳು, ಒಳಗೆ ಬಿಳಿಯ ಸ್ಯಾಟಿನ್ ಬಟ್ಟೆ. ಉದ್ದ ಮಾತ್ರ ಸಾಲದು. ಒಮ್ಮೆ ಇಟ್ಟು ನೋಡಿದಾಗ ಪಾದಗಳು ಹಲಗೆಗೆ ಒತ್ತಿ, ಗದ್ದ ಎದೆಗೆ ತಾಗಿತ್ತು. ಅದನ್ನು ನೋಡಲಾರದೆ ಭಾನುಮತಿಯೇ ಅವಳನ್ನು ಮತ್ತೆ ಹಾಸಿಗೆಗೆ ತರಿಸಿದ್ದರು.

"ಎತ್ತರ ಎಷ್ಟು ಅಂತ ಹೇಳಿದ್ದೆ ಅವರಿಗೆ?"

ಬದರಿ ಕಾರ್ಪೆಟ್ಟು ನೋಡಿದ. "ಐದಡಿ ಎಂಟಿಂಚು. ಫೋನಲ್ಲಿ ಕೇಳಿದ್ರು. ಬಾಯಿಗೆ ಅದೇ ಬಂತು."

ಬಾರದೆ ಏನು? ಆ ಸುಳ್ಳನ್ನು ವರ್ಷಗಟ್ಟಲೆ ಟೈಪು ಮಾಡಿದವನು ಅವನೇ. ತಂಗಿಯ ಜಾತಕದ ಜೊತೆ ಹೋಗುತ್ತಿದ್ದ ಪ್ರತಿ ಬಯೋಡೇಟಾದಲ್ಲೂ ಬಣ್ಣ ಗೋಧಿ, ಗೋತ್ರ ಕಾಶ್ಯಪ, ಎತ್ತರ ಐದಡಿ ಎಂಟಿಂಚು. ಉಳಿದ ಐದಿಂಚನ್ನು ಮದುವೆಯಾದ ಮೇಲೆ ಹೇಳಿದರಾಯಿತು ಎನ್ನುವುದು ಮನೆಯ ಗಂಡಸರ ಲೆಕ್ಕ. ಮದುವೆಯಂತೂ ಆಗಲಿಲ್ಲ. ಹುಡುಗಿಗೆ ಮೂವತ್ತಮೂರಾಯಿತು, ನಾಲ್ಕು ದಿನದ ಹಿಂದೆ ಬ್ಯಾಸ್ಕೆಟ್‌ಬಾಲ್ ಅಭ್ಯಾಸ ಮುಗಿಸಿ ಬೆಂಚಿನ ಮೇಲೆ ಕೂತವಳು ಮತ್ತೆ ಏಳಲಿಲ್ಲ. ಸುಳ್ಳು ಮಾತ್ರ ಗಟ್ಟಿಮುಟ್ಟಾಗಿ ಬದುಕಿಕೊಂಡಿತ್ತು.

ದೊಡ್ಡ ಪೆಟ್ಟಿಗೆ ಆಕ್ಲೆಂಡಿನಿಂದ ಬರಬೇಕು, ಎರಡು ದಿನ ಹಿಡಿಯುತ್ತದೆ ಎಂದು ಪೆಟ್ಟಿಗೆ ತಂದ ಹೆಂಗಸು ಹೇಳುತ್ತಿದ್ದಳು. ಕ್ರಿಯೆ ಮಾಡಿಸಲು ಬಂದಿದ್ದ ಕನ್ನಡ ಸಂಘದ ಧನಂಜಯ ತಲೆಯಾಡಿಸಿದರು. ಆಸ್ಪತ್ರೆಯ ಪರೀಕ್ಷೆ ಅದು ಇದು ಎಂದು ಆಗಲೇ ನಾಲ್ಕು ದಿನ ಇಟ್ಟಿದ್ದಾಗಿದೆ, ಇನ್ನು ಕಾಯಿಸುವುದು ಸರಿಯಲ್ಲ ಎಂದರು. ಅದಕ್ಕೆ ಭಾನುಮತಿಯವರ ಒಪ್ಪಿಗೆಯೂ ಇತ್ತು. ಆದರೆ ಮೊಣಕಾಲಿನ ಮಾತಿಗೆ ಇರಲಿಲ್ಲ.

*

ಮೈಸೂರಿನಲ್ಲಿ ರಚನಾ ನರ್ಸಿಂಗ್ ಓದುವಾಗ ಕಾಲೇಜು ತಂಡದ ಫಾರ್ವರ್ಡ್ ಆಗಿದ್ದಳು. ರಿಂಗಿನ ಕೆಳಗೆ ನಿಂತು, ಮೈಮೇಲೆ ಬೀಳುವವರನ್ನು ತಡೆದು, ಚೆಂಡು ಕಸಿದು ಹಾಕುವುದು ಅವಳ ಕೆಲಸ. ಮೊಣಕೈ ಏಟು ತಿನ್ನುತ್ತಿದ್ದಳು, ಬಡ್ಡಿ ಸಮೇತ ಹಿಂದಿರುಗಿಸುತ್ತಿದ್ದಳು. ಐದು ಫೌಲಾದರೆ ಆಟದಿಂದ ಹೊರಗೆ. ನಾಲ್ಕಾಗುವವರೆಗೆ ಇವಳಿಗೆ ಆಟ ಶುರುವಾಗುವುದೇ ಇಲ್ಲ ಎಂದು ಗೆಳತಿಯರು ಛೇಡಿಸುತ್ತಿದ್ದರು.

ಹೆಣ್ಣು ನೋಡಲು ಬರುವ ದಿನ ಅಪ್ಪನ ಕಟ್ಟಪ್ಪಣೆಯಾಗಿತ್ತು. ಅವರು ಬರುವ ಮೊದಲೇ ಕೂತಿರಬೇಕು, ಹೋಗುವವರೆಗೆ ಏಳಬಾರದು. ಒಮ್ಮೆ ಅರಸೀಕೆರೆಯ ಕಡೆಯವರು ಬಂದಿದ್ದರು. ಉಪ್ಪಿಟ್ಟಾಯಿತು, ಕಾಫಿಯಾಯಿತು, ಹುಡುಗನ ತಾಯಿಗೆ ಹುಡುಗಿ ಒಪ್ಪಿಗೆಯೂ ಆಯಿತು. ಮದುವೆಯಾದ ಮೇಲೆ ಚೆಂಡು ಗಿಂಡು ಎಲ್ಲ ಬಿಟ್ಟುಬಿಡುತ್ತಾಳೆ ತಾನೆ ಎಂದು ಆಕೆ ಅಪ್ಪನನ್ನು ಕೇಳಿದರು. ಅಪ್ಪ ಹೂಂ ಎನ್ನುವಷ್ಟರಲ್ಲಿ ರಚನಾ ಎದ್ದು ನಿಂತಳು. ಎದ್ದಳು, ಎದ್ದಳು, ಇನ್ನೂ ಏಳುತ್ತಲೇ ಇದ್ದಾಳೇನೋ ಎನ್ನುವ ಹಾಗೆ ಬಂದವರ ಕತ್ತುಗಳು ಮೇಲೆ ಹೋದವು. ಕಾಫಿ ಲೋಟಗಳನ್ನು ಒಂದೊಂದಾಗಿ ಎತ್ತಿಕೊಂಡು ನಿಧಾನವಾಗಿ ಒಳಗೆ ಬಂದಳು.

ಅಡಿಗೆಮನೆಯಲ್ಲಿ ಭಾನುಮತಿ ಸೆರಗು ಬಾಯಿಗೆ ತುರುಕಿಕೊಂಡು ನಗುತ್ತಿದ್ದರು. ಹೊರಗೆ ಚಿಕ್ಕಪ್ಪ ವೀರಾವೇಶದಲ್ಲಿ, ಹಾಸಿಗೆ ಇದ್ದಷ್ಟು ಕಾಲು ಚಾಚಬೇಕು, ಹೆಣ್ಣುಮಕ್ಕಳಂತೂ ಇನ್ನೂ ನೋಡಿಕೊಂಡು ಚಾಚಬೇಕು ಎಂದು ಅರ್ಧ ಗಂಟೆ ಉಪದೇಶ ಮಾಡಿದರು.

ರಚನಾ ಚಾಚಿದ್ದು ಸಮುದ್ರದಾಚೆಗೆ. ನರ್ಸ್ ಕೆಲಸ ಹಿಡಿದು ಇಲ್ಲಿಗೆ ಬಂದಳು. ಬಂದ ವರ್ಷವೇ ಪೊರಿರುವಾದ ಕ್ಲಬ್ಬೊಂದು ಅವಳನ್ನು ಸೇರಿಸಿಕೊಂಡಿತು. "ಅಮ್ಮ, ಆಡಿದ್ದಕ್ಕೆ ಸಂಬಳ ಕೊಟ್ರು," ಎಂದು ಫೋನಿನಲ್ಲಿ ಕೂಗಿದ್ದು ಭಾನುಮತಿಯವರ ಕಿವಿಯಲ್ಲಿ ಇನ್ನೂ ಇದೆ.

*

ಗಂಡ ತೀರಿಕೊಂಡ ಮೇಲೆ ಭಾನುಮತಿ ಆಕ್ಲೆಂಡಿನ ಸ್ಯಾಂಡ್ರಿಂಗಮ್ ಬಡಾವಣೆಯಲ್ಲಿದ್ದ ಮಗನ ಮನೆ ಸೇರಿದ್ದರು. ಎರಡು ವರ್ಷದ ಹಿಂದೆ, ಚಳಿಗಾಲದಲ್ಲಿ, ಮಗಳ ಪಂದ್ಯ ನೋಡಲೆಂದೇ ಪೊರಿರುವಾಕ್ಕೆ ಬಂದರು. ಶಾಲು ಹೊದ್ದು, ಮಂಕಿ ಕ್ಯಾಪು ಹಾಕಿಕೊಂಡು, ಮೊದಲ ಸಾಲಿನಲ್ಲೇ ಕೂತರು.

ಆಟ ಇನ್ನೂ ಬೇಕಾದಷ್ಟು ಬಾಕಿ ಇರುವಾಗಲೇ ರಚನಾಳ ಐದನೆಯ ಫೌಲಾಯಿತು. ರೆಫರಿ ಹೊರಗೆ ಕೈ ತೋರಿಸಿದ. ಭಾನುಮತಿಯವರಿಗೆ ಜೀವ ಹಿಡಿಯಷ್ಟಾಯಿತು. ಇಷ್ಟು ಜನರೆದುರು ಮಗಳನ್ನು ಆಚೆ ಹಾಕಿದರಲ್ಲ ಎಂದು ಕಣ್ಣಲ್ಲಿ ನೀರು ಬಂತು. ಮಗಳೋ, ತಲೆ ಎತ್ತಿಕೊಂಡು, ಅಂಗಿಯ ತೋಳಿನಲ್ಲಿ ಬೆವರೊರೆಸಿಕೊಂಡು ನಡೆದು ಬಂದಳು. ಬೆಂಚಿನಲ್ಲಿದ್ದವರೆಲ್ಲ ಎದ್ದು ಸಾಲಾಗಿ ನಿಂತು ಅವಳ ಅಂಗೈಗೆ ಅಂಗೈ ಹೊಡೆದರು. ಕೊನೆಯವಳು ಮೆರೆ ಎಂಬ, ಅಲ್ಲಿನ ಮೂಲನಿವಾಸಿ ಮಾವೊರಿ ಹುಡುಗಿ, ತಂಡದಲ್ಲೇ ಗಿಡ್ಡಿ, ನೆಗೆದು ಹೊಡೆದಳು.

ಮನೆಗೆ ಹೋಗುವಾಗ ಕಾರಿನಲ್ಲಿ ಭಾನುಮತಿ ಕೇಳಿದ್ದರು. "ತಪ್ಪು ಮಾಡಿದೋಳಿಗೆ ಶಹಭಾಸ್‌ಗಿರಿ ಬೇರೆ ಕೊಡ್ತಾರಲ್ಲೇ?"

"ತಪ್ಪಿಗಲ್ಲಮ್ಮ," ಎಂದಳು ರಚನಾ. "ಜಾಗ ಬಿಟ್ಟುಕೊಡ್ಲಿಲ್ವಲ್ಲ, ಅದಕ್ಕೆ."

*

"ಮಡಿಚೋದು ಬೇಡ," ಎಂದರು ಭಾನುಮತಿ. ಬಾಚಣಿಗೆ ಕೆಳಗಿಟ್ಟರು. "ಕಾಲ ಹತ್ರದ ಹಲಗೆ ತೆಗೆಸು."

ಬದರಿ ಹಲಗೆಯನ್ನೂ ತಂಗಿಯ ಪಾದಗಳನ್ನೂ ನೋಡಿದ. "ಕಾಲು ಆಚೆ ಬರುತ್ತಮ್ಮ."

"ಬರ್ಲಿ."

"ಅಷ್ಟು ಜನ ಬರ್ತಾರೆ. ಏನಂದ್ಕೋತಾರೆ?"

"ಉದ್ದದ ಹುಡುಗಿ ಅಂದ್ಕೋತಾರೆ. ಸುಳ್ಳೇನಲ್ವಲ್ಲ." ಭಾನುಮತಿಯವರ ದನಿಯಲ್ಲಿ ದುಃಖ ಇತ್ತು, ಅದಕ್ಕಿಂತ ಹೆಚ್ಚು ಸಿಟ್ಟಿತ್ತು. "ಬದುಕಿದ್ದಾಗ ನಿಮ್ಮ ಕೈಲಿ ಅವಳನ್ನ ಬಗ್ಗಿಸೋಕಾಗ್ಲಿಲ್ಲ. ಈಗ ಕೈಲಾಗದೆ ಮಲಗಿದಾಳೆ ಅಂತ ಬಗ್ಗಿಸ್ತೀಯೇನೋ?"

ಬದರಿ ಎದ್ದು ಹೋಗಿ ಪೆಟ್ಟಿಗೆ ತಂದ ಹೆಂಗಸಿನ ಹತ್ತಿರ ಮಾತಾಡಿದ. ಅವಳು ಚಿತಾಗಾರಕ್ಕೆ ಫೋನು ಮಾಡಿದಳು. ತಳದ ಹಲಗೆ ಗಟ್ಟಿಯಿದ್ದರೆ ತಮ್ಮದೇನೂ ಅಡ್ಡಿಯಿಲ್ಲ ಎಂದರಂತೆ. ಬೆಳಿಗ್ಗೆಯಿಂದ ಅಲ್ಲೇ ಇದ್ದ ಮೆರೆ ತನ್ನ ಪಿಕಪ್ ಗಾಡಿಯಿಂದ ಡ್ರಿಲ್ಲು ತಂದು, ಮಂಡಿಯೂರಿ, ಅಳುತ್ತಲೇ ಒಂದೊಂದು ಸ್ಕ್ರೂ ಬಿಚ್ಚಿದಳು. ರಚನಾಳನ್ನು ಮತ್ತೆ ಮಲಗಿಸಿದರು. ಈ ಸಲ ಗದ್ದ ಎತ್ತಿಕೊಂಡಿತ್ತು. ಹೆಬ್ಬೆರಳು ಜೋಡಿಸಿ ಕಟ್ಟಿದ ದೊಡ್ಡ ಪಾದಗಳು ಪೆಟ್ಟಿಗೆಯಿಂದ ಆಚೆಗೆ, ಆರಾಮಾಗಿ, ಚಾಚಿಕೊಂಡವು.

ಹೆಂಗಸರು ಸುಡುವ ಜಾಗಕ್ಕೆ ಬರುವುದು ಪದ್ಧತಿಯಲ್ಲ ಎಂದು ಧನಂಜಯ ಶುರುಮಾಡಿದರು. ಭಾನುಮತಿ ಆಗಲೇ ಚಪ್ಪಲಿ ಮೆಟ್ಟಿಕೊಂಡು ಕಾರಿನಲ್ಲಿ ಕೂತಿದ್ದರು.

ಚಿತಾಗಾರದ ಹಾಲು ತುಂಬಿತ್ತು. ತಂಡದ ಹುಡುಗಿಯರು ಆಟದ ಅಂಗಿಯಲ್ಲೇ ಬಂದು ಪೆಟ್ಟಿಗೆ ಹೊತ್ತರು. ಒಂದು ಹಿಡಿಕೆ ಬದರಿಯ ಕೈಯಲ್ಲಿತ್ತು. ಬಂದವರ ಕಣ್ಣು ಪಾದದ ಮೇಲೆ ಬಿದ್ದು ಥಟ್ಟನೆ ಬೇರೆಲ್ಲೋ ಹೋಗುತ್ತಿತ್ತು. ಯಾರೋ ಒಂದು ಶಾಲು ತಂದು ಪಾದಕ್ಕೆ ಮುಚ್ಚಿದರು. ಭಾನುಮತಿ ಅದನ್ನು ತೆಗೆದು, ಮಡಿಸಿ, ಅವರ ಕೈಗೇ ಕೊಟ್ಟರು.

ಮಂತ್ರ ಮುಗಿಯಿತು. ಕೊನೆಯ ದರ್ಶನ ಮುಗಿಯಿತೆಂದು ಪರದೆ ಎಳೆಯಲು ಅಲ್ಲಿನ ನೌಕರ ಗುಂಡಿಯೊತ್ತಿದ. ಪೆಟ್ಟಿಗೆಯ ಮುಂದೆ ಎರಡೂ ಕಡೆಯಿಂದ ಪರದೆಗಳು ಸರಿದು ಬಂದವು. ಬಂದು, ಜನರ ಕಡೆಗೆ ಚಾಚಿದ್ದ ಪಾದಗಳಿಗೆ ತಾಗಿ ನಿಂತುಬಿಟ್ಟವು. ಅವನು ಮತ್ತೊಮ್ಮೆ ಒತ್ತಿದ. ಪರದೆ ಹಿಂದೆ ಹೋಗಿ ಮತ್ತೆ ಬಂದು ಮತ್ತೆ ಅಲ್ಲೇ ನಿಂತಿತು. ಮೋಟರು ಗುರುಗುಟ್ಟಿತು. ಅವನ ಮುಖ ಕೆಂಪಾಯಿತು. ಸಾಮಾನ್ಯ ಉದ್ದಕ್ಕೆ ಹೊಂದಿಸಿದ್ದು, ಕ್ಷಮಿಸಬೇಕು ಎಂದು ಬದರಿಯ ಹತ್ತಿರ ಬಂದು ತೊದಲಿದ.

ಬದರಿ ತಾಯಿಯ ಕಡೆ ನೋಡಿದ. ಆಮೇಲೆ ಇಡೀ ಹಾಲಿಗೆ ಕೇಳುವಂತೆ ಇಂಗ್ಲಿಷಿನಲ್ಲೇ ಹೇಳಿದ, ನನ್ನ ತಂಗಿ ಆರಡಿ ಒಂದಿಂಚು ಎಂದು.

ಹಿಂದಿನ ಸಾಲಿನಲ್ಲಿ ಒಬ್ಬಳು ಹುಡುಗಿ ಅಳುವಿನ ನಡುವೆ ನಕ್ಕುಬಿಟ್ಟಳು. ಮೆರೆ ಎದ್ದಳು. ಪರದೆಯ ನಡುವೆ ನಿಂತಿದ್ದ ಆ ಪಾದಗಳ ಹತ್ತಿರ ಹೋಗಿ, ಬಲ ಅಂಗಾಲಿಗೆ ಅಂಗೈ ಬೀಸಿ ಹೊಡೆದಳು. ಚಟ್ ಎಂದು ಸದ್ದಾಯಿತು. ಅವಳ ಹಿಂದೆ ಇನ್ನೊಬ್ಬಳು, ಮತ್ತೊಬ್ಬಳು. ಇಡೀ ತಂಡ ಸಾಲುಗಟ್ಟಿತು. ಕೊನೆಯಲ್ಲಿ ಬದರಿ ಹೋದ. ಹೊಡೆಯಲಾರದೆ ಕೈಯಿಟ್ಟು ನಿಂತ.

ಭಾನುಮತಿ ಎದ್ದದ್ದು ನೋಡಿ ಧನಂಜಯ ಅಡ್ಡ ಬಂದರು. "ಭಾನಕ್ಕ, ಹೆತ್ತೋರು ಮಗಳ ಕಾಲು ಮುಟ್ಟಬಾರ್ದು."

"ಕಾಲು ಮುಟ್ತಿಲ್ಲ, ಧನಂಜಯ," ಎಂದರು ಭಾನುಮತಿ. "ದಾರಿ ಬಿಡಪ್ಪ. ಮಗು ಆಟ ಮುಗಿಸಿ ಬರ್ತಿದಾಳೆ."

ಮುಂಗೈ ಮೇಲಿನ ಬಳೆ ಹಿಂದಕ್ಕೆ ಸರಿಸಿಕೊಂಡು, ತೋಳೆತ್ತಿ, ಅವರು ಎಲ್ಲರಿಗಿಂತ ಜೋರಾಗಿ ಹೊಡೆದರು. ಪರದೆ ಇನ್ನೂ ತೆರೆದೇ ಇತ್ತು.