ಉಗುರುಬಣ್ಣ ಹಚ್ಚಿದ ಟ್ರಿಗರ್

ಕೋವಿಯ ಮರದ ಹಿಡಿಯನ್ನು ಕಳಚಿ, ಉಕ್ಕಿನ ಭಾಗವನ್ನಷ್ಟೇ ಅಡುಗೆಮನೆಯ ಮೇಜಿನ ಮೇಲೆ ಹಳೇ ಟವೆಲ್ಲು ಹಾಸಿ ಮಲಗಿಸಿದಾಗ, ಯಾರೋ ಮುದುಕನ ಅಂಗಿ ಬಿಚ್ಚಿಸಿ ಕೂರಿಸಿದಂತೆ ಲೆಂಪಿಗೆ ಸಂಕೋಚವಾಯಿತು. "ಸ್ವಲ್ಪ ಹೊತ್ತು ತಡ್ಕೊಳಪ್ಪ," ಎಂದು ಅದಕ್ಕೇ ಹೇಳಿದಳು. ತೋಟಾ ಇಲ್ಲವೆಂದು ಮೊದಲೇ ನೋಡಿಕೊಂಡಿದ್ದಳು. ತೋಟಾ ತಳ್ಳುವ ಬೋಲ್ಟನ್ನು ಎಳೆದು ತೆಗೆದು ಕಿಟಕಿಯ ಕಟ್ಟೆಯ ಮೇಲಿಟ್ಟು, ನಳಿಗೆಯ ಹಿಂಬಾಯಿಗೆ ಕಿರುಬೆರಳು ತೂರಿಸಿ ಮತ್ತೊಮ್ಮೆ ನೋಡಿದ್ದಳು. ಊರಿನ ಹೊಲಿಗೆ ಯಂತ್ರಗಳನ್ನೆಲ್ಲ ಬಿಚ್ಚಿ ಜೋಡಿಸಿ ವಯಸ್ಸು ಸವೆಸಿದವಳಿಗೆ ಸಣ್ಣ ಸ್ಕ್ರೂಗಳೆಂದರೆ ಹೆದರಿಕೆಯಿಲ್ಲ. ಹೆದರಿಕೆ ಇದ್ದದ್ದು ಗಂಡ ಒನ್ನಿಯದು.

ಒನ್ನಿ ಅಂಗಳದಾಚೆಯ ಹಬೆಸ್ನಾನದ ಕೋಣೆ, ಸೌನಾದಲ್ಲಿದ್ದ. ಮಧ್ಯಾಹ್ನ ಇಳಿಯುವ ಹೊತ್ತು. ಅಮೆರಿಕದ ಉತ್ತರದಂಚಿನ ಸುಪೀರಿಯರ್ ಸರೋವರದ ಕಡೆಯಿಂದ ಮಂಜು ಎದ್ದು ಬಂದು, ಹುಲ್ಲುಗಾವಲು, ಬೇಲಿ, ಅದರಾಚೆಯ ಕಾಡು ಎಲ್ಲವನ್ನೂ ಒಂದೊಂದಾಗಿ ಮರೆಸುತ್ತಿತ್ತು. ಸೌನಾದ ಚಿಮಣಿಯ ಹೊಗೆ ಯಾವುದು, ಮಂಜು ಯಾವುದು ಎಂದು ತಿಳಿಯುತ್ತಿರಲಿಲ್ಲ. ಕಾದ ಕಲ್ಲಿಗೆ ನೀರೆರಚುವ ಚುಂಯ್ ಸದ್ದು ಮಾತ್ರ ಆಗಾಗ ಕೇಳಿಸಿ, ಅವನು ಇನ್ನೂ ಒಳಗಿದ್ದಾನೆ ಎನ್ನುವುದನ್ನು ಹೇಳುತ್ತಿತ್ತು.

ಬೆಳಗಾದರೆ ಜಿಂಕೆ ಬೇಟೆ ಶುರು. ಇಲ್ಲಿಯವರಿಗೆ ಅದು ಕ್ರಿಸ್ಮಸ್ಸಿಗಿಂತ ಒಂದು ಕೈ ಮೇಲಿನ ಹಬ್ಬ. ಶಾಲೆಗೆ ರಜೆ, ಗರಗಸದ ಕಾರ್ಖಾನೆಗೆ ರಜೆ, ಸತ್ತವರನ್ನು ಹೂಳುವುದಕ್ಕೂ ಪಾದ್ರಿ ಎರಡು ದಿನ ತಡ ಮಾಡುತ್ತಾನೆ ಎಂದು ಜನ ನಗುತ್ತಾರೆ. ಬುದ್ಧಿ ಬಂದಾಗಿನಿಂದ ಒಂದು ವರ್ಷವೂ ತಪ್ಪಿಸದ ಒನ್ನಿ ಈ ವರ್ಷ ಹೋಗುವುದಿಲ್ಲ ಎಂದುಬಿಟ್ಟಿದ್ದ.

ವಸಂತದಲ್ಲಿ ಅವನಿಗೆ ಲಕ್ವ ಹೊಡೆದಿತ್ತು. ಕಾಲು ಮರಳಿತು, ಮಾತು ಮರಳಿತು, ಬೈಗುಳವಂತೂ ಎಲ್ಲಕ್ಕಿಂತ ಮೊದಲು ಮರಳಿತು. ಬಲಗೈಯ ತೋರುಬೆರಳು ಮಾತ್ರ ಬರಲಿಲ್ಲ. ಹೋದ ವಾರ ಗೋಡೆಯಿಂದ ಖಾಲಿ ಕೋವಿ ಇಳಿಸಿ, ಕಿಟಕಿಯಾಚೆಯ ಬೇಲಿಗೂಟಕ್ಕೆ ಗುರಿಯಿಟ್ಟು, ಟ್ರಿಗರ್ ಎಳೆಯಲು ನೋಡಿದ್ದ. ಬೆರಳು ಬಾಗಿತು, ಟ್ರಿಗರ್ ಮಿಸುಕಲಿಲ್ಲ. ಎರಡು ಬೆರಳಿಟ್ಟು ಎಳೆದ. ಕೊರಳ ನರ ಉಬ್ಬಿತೇ ಹೊರತು ಟಕ್ ಎನ್ನಲಿಲ್ಲ. ಕೋವಿಯನ್ನು ಮತ್ತೆ ಗೋಡೆಗೆ ತೂಗುಹಾಕಿ, "ಇದನ್ನ ಡೇಲ್‌ಗೆ ಕೊಟ್ಬಿಡು," ಎಂದವನು ಕಿಟಕಿಯ ಪಕ್ಕದ ಕುರ್ಚಿಯಲ್ಲಿ ಕೂತ. ಅಂದಿನಿಂದ ಊಟಕ್ಕೆ, ಸೌನಾಕ್ಕೆ ಬಿಟ್ಟರೆ ಆ ಕುರ್ಚಿಯಿಂದ ಏಳುತ್ತಿರಲಿಲ್ಲ. ಲೆಂಪಿಗೆ ಆ ಕುರ್ಚಿಯ ಗುಣ ಗೊತ್ತಿತ್ತು. ಅವಳ ಮಾವ ಒಂದು ಚಳಿಗಾಲ ಹೀಗೇ ಅದರಲ್ಲಿ ಕೂತವನು, ಹಿಮ ಕರಗುವ ಹೊತ್ತಿಗೆ ಹೊರಗೆ ಬಂದದ್ದು ಪೆಟ್ಟಿಗೆಯಲ್ಲಿ.

ಡೇಲ್ ಒನ್ನಿಯ ತಂಗಿಯ ಮಗ. ಮರದ ದಿಮ್ಮಿ ಸಾಗಿಸುವ ಲಾರಿ ಓಡಿಸುವವನು. ಕೋವಿ ಕೊಡುತ್ತೇನೆಂದಾಗ ಅವನು ಟ್ರಿಗರ್ ಎಳೆದು ನೋಡಿ ನಕ್ಕುಬಿಟ್ಟಿದ್ದ.

"ಅತ್ತೆ, ಇದು ಟ್ರಿಗರ್ರಾ, ಕೊಟ್ಟಿಗೆ ಬಾಗಿಲ ಅಗಳಿನಾ? ಇದನ್ನ ಎಳೆಯೋಕೆ ನನಗೇ ಎತ್ತು ಕಟ್ಟಬೇಕು. ಮಾವನ್ನ ಯಾಕೆ ಬೈತೀರಿ?"

"ಮತ್ತೆ ಇಷ್ಟು ವರ್ಷ ಹೆಂಗೆ ಹೊಡೀತಿದ್ದ?"

"ಅದೇ ನನಗೂ ಆಶ್ಚರ್ಯ. ಹೊಸ ಟ್ರಿಗರ್ ಸಿಗುತ್ತೆ, ಹಗುರಾದ್ದು. ಹಳೇದು ತೆಗೆದು ಅದನ್ನ ಕೂರಿಸಿದ್ರೆ ಆಯ್ತು. ನಿಮ್ಮ ಹೊಲಿಗೆ ಮಿಷನ್ ಬಿಚ್ಚೋದಕ್ಕಿಂತ ಸುಲಭ."

ಅಂಚೆಯಲ್ಲಿ ಬಂದ ಹೊಸ ಟ್ರಿಗರ್ ಹಿಟ್ಟಿನ ಡಬ್ಬಿಯ ಹಿಂದೆ ಅಡಗಿತ್ತು. ಇವತ್ತು ಒನ್ನಿ ಸೌನಾಕ್ಕೆ ಹೋದದ್ದೇ ತಡ, ಲೆಂಪಿ ಅದನ್ನು ಹೊರತೆಗೆದಿದ್ದಳು.

ಟ್ರಿಗರನ್ನು ಹಿಡಿದಿಟ್ಟ ಪಿನ್ನು ಹೊಡೆಯಲು ಪುಟ್ಟ ಸುತ್ತಿಗೆ ಬೇಕಿತ್ತು. ಬಾಗಿಲ ಪಕ್ಕದ ಗೂಡಿನಲ್ಲಿ ಹುಡುಕುವಾಗ ಅವಳ ಭುಜ ತಗುಲಿ, ಮೊಳೆಗೆ ನೇತುಹಾಕಿದ್ದ ಹಸುವಿನ ಗಂಟೆ ಢಣ್ ಎಂದಿತು. "ನಿನ್ನ ಬಾಯಿಗಿಷ್ಟು!" ಎಂದು ಅವಳು ಅದರ ನಾಲಿಗೆಯನ್ನು ಹಿಡಿದು ನಿಲ್ಲಿಸಿದಳು.

ಆ ಗಂಟೆಯ ಮೇಲೆ ಅವಳಿಗೆ ಮದುವೆಯಾದ ವರ್ಷದಿಂದ ಸಿಟ್ಟು. ಬೇಟೆಯ ದಿನ ಬೆಳಕು ಹರಿದ ಮೇಲೆ ಒನ್ನಿಗೆ ಕಾಡಿಗೆ ಕಾಫಿ ಒಯ್ಯುವುದು ಅವಳ ಕೆಲಸ. ಮೊದಲ ವರ್ಷದ ಮೊದಲ ದಿನ ಬರಿಗೈಯಲ್ಲಿ, ಗಂಟೆಯಿಲ್ಲದೆ ಹೋಗಿದ್ದಳು. ಎರಡನೆಯ ದಿನ ಅವನು ತಾಯಿಯ ಕೊಟ್ಟಿಗೆಯಿಂದ ಈ ಗಂಟೆ ತಂದು, "ಇದನ್ನ ಆಡಿಸ್ಕೊಂಡು ಬಾ, ಇಲ್ದಿದ್ರೆ ಬರ್ಲೇಬೇಡ," ಎಂದಿದ್ದ. ಗಂಟೆ ಕೇಳಿದರೆ ಜಿಂಕೆ ಓಡದೇ ಇರುತ್ತದೆಯೇ? ಅಂಗಡಿಯ ಕಟ್ಟೆಯ ಮೇಲೆ ಕೂತ ಗಂಡಸರಿಗೆ ಅದೇ ನಗೆ. "ಒನ್ನಿ ಹಸು ಮೇಯೋಕೆ ಹೋಯ್ತೇನ್ರೋ?" "ಹಾಲು ಎಷ್ಟು ಕೊಡುತ್ತಂತೆ?" ಎಷ್ಟು ಸಲ ಜಗಳವಾಡಿದರೂ ಒನ್ನಿ ಜಗ್ಗಲಿಲ್ಲ. ಕಡೆಗೆ ಅವಳೇ ಉಪಾಯ ಹೂಡಿದಳು. ಮನೆ ಬಿಡುವಾಗಲೇ ಗಂಟೆಯ ಬಾಯಿಗೆ ಒಂದು ಕೈಗವಸು ತುರುಕುವುದು. ಕಾಡು ದಾಟಿ, ಅವನು ಜಿಂಕೆಗೆ ಕಾದು ಕೂರುವ ಗುಡಿಸಲಿನ ಹತ್ತಿರದ ಬರ್ಚ್ ಮರಕ್ಕೆ ಬಂದ ಮೇಲೆ ತೆಗೆದು ನಾಲ್ಕು ಸಲ ಆಡಿಸುವುದು. ಅವನಿಗೂ ಸಮಾಧಾನ, ಜಿಂಕೆಗೂ ಸಮಾಧಾನ. ಗಂಡನ ಬೇಟೆ ಕೆಡದಂತೆ ಕಾಪಾಡಿದವಳು ತಾನೇ ಎಂದು ಒಳಗೊಳಗೇ ಅವಳಿಗೆ ಹೆಮ್ಮೆಯೂ ಇತ್ತು.

ಸುತ್ತಿಗೆ ಸಿಕ್ಕಿತು. ಎರಡು ಪೆಟ್ಟಿಗೆ ಪಿನ್ನು ಸಡಿಲಾಯಿತು. ಹಳೆಯ ಟ್ರಿಗರ್ ತನ್ನ ಪುಟ್ಟ ಕವಚದ ಸಮೇತ ಅಂಗೈಗೆ ಬಂತು. ಅದನ್ನು ದೀಪದಡಿ ಹಿಡಿದು ತಿರುಗಿಸಿದಳು. ತುಕ್ಕಿಲ್ಲ, ಸವೆದಿಲ್ಲ. ಎಷ್ಟು ಬಲ ಹಾಕಿ ಎಳೆಯಬೇಕೆಂದು ಗೊತ್ತುಮಾಡುವ ಸಣ್ಣ ಸ್ಕ್ರೂ ಒಂದಿತ್ತು. ಅದನ್ನು ಯಾರೋ ಕಡೆಯ ಸುತ್ತಿನವರೆಗೂ ಬಿಗಿದಿದ್ದರು. ಬಿಗಿದು, ಮತ್ತೆ ತಿರುಗದಂತೆ ಅದರ ತಲೆಯ ಮೇಲೆ ಬಣ್ಣದ ಒಂದು ತೊಟ್ಟು ಹಚ್ಚಿ ಮುಚ್ಚಿದ್ದರು.

ಲೆಂಪಿ ಕನ್ನಡಕ ಸರಿಮಾಡಿಕೊಂಡಳು. ಕೆಂಪು. ಬರೀ ಕೆಂಪಲ್ಲ, ಒಳಗೆ ಮುತ್ತಿನ ಹೊಳಪಿದ್ದ ಚೆರ್ರಿ ಕೆಂಪು.

ಆ ಬಣ್ಣ ಅವಳಿಗೆ ಗೊತ್ತಿತ್ತು. ಮದುವೆಯಾದ ಬೇಸಿಗೆಯಲ್ಲಿ ಊರ ಸಭಾಂಗಣದ ಕುಣಿತಕ್ಕೆಂದು ಕೊಂಡಿದ್ದಳು. ಆಗ ರಾತ್ರಿ ಹತ್ತಕ್ಕೂ ಬೆಳಕು. ಅಕಾರ್ಡಿಯನ್ ಸದ್ದು ಸರೋವರದ ಮೇಲೆ ತೇಲಿ ಹೋಗುತ್ತಿತ್ತು. ಒನ್ನಿಯ ಭುಜದ ಮೇಲೆ ಅವಳ ಹತ್ತು ಉಗುರು ಹಣ್ಣಿನ ಹಾಗೆ ಕೂತಿದ್ದವು. ಮಾರನೆಯ ದಿನ ಅತ್ತೆ, "ಸಗಣಿ ಬಾಚೋ ಕೈಗೆ ಇದೊಂದು ಕೇಡು," ಎಂದಿದ್ದಳು. ಚಳಿಗಾಲದಲ್ಲಿ ನೋಡಿದರೆ ಸೀಸೆ ಮಾಯ. ಅತ್ತೆಯೇ ಎಸೆದಿರಬೇಕೆಂದು ಲೆಂಪಿ ಆಕೆ ಸಾಯುವವರೆಗೂ, ಸತ್ತ ಮೇಲೂ, ಮನಸ್ಸಿನಲ್ಲೇ ಬೈದುಕೊಂಡಿದ್ದಳು.

ಬಾಗಿಲು ತೆರೆದದ್ದು ಅವಳಿಗೆ ಕೇಳಿಸಲಿಲ್ಲ. ಮೈಯಿಂದ ಆವಿ ಏಳುತ್ತ, ಸೊಂಟಕ್ಕೆ ಟವೆಲ್ಲು ಸುತ್ತಿಕೊಂಡು ಒನ್ನಿ ನಿಂತಿದ್ದ. ಅವನ ಕಣ್ಣು ಮೇಜಿನ ಮೇಲೆ ಹೋಯಿತು, ಆಮೇಲೆ ಅವಳ ಅಂಗೈಗೆ.

"ಅದನ್ನ ಯಾರು ಬಿಚ್ಚು ಅಂದ್ರು ನಿಂಗೆ?"

"ಯಾರೂ ಅನ್ಲಿಲ್ಲ. ಇದು ನನ್ನ ಉಗುರುಬಣ್ಣ ಕಣೋ."

ಒನ್ನಿ ಟವೆಲ್ಲಿನ ಗಂಟು ಬಿಗಿಮಾಡಿಕೊಂಡ.

"ನಿಮ್ಮಮ್ಮನ್ನ ಎಷ್ಟು ಬೈದೆ ಗೊತ್ತಾ ನಾನು? ಪಾಪ, ಆ ಮುದುಕಿ! ನಿಂಗೇನಕ್ಕೆ ಬೇಕಿತ್ತೋ ನನ್ನ ಬಣ್ಣ?"

ಅವನು ಕುರ್ಚಿ ಎಳೆದುಕೊಂಡು ಕೂತ. ಕಿಟಕಿಯ ಕುರ್ಚಿಯಲ್ಲ, ಮೇಜಿನದು. ಹೊರಗೆ ಬೇಲಿಯೂ ಕಾಣದ ಹಾಗೆ ಮಂಜು ಕಿಟಕಿಗೆ ಬಂದು ನಿಂತಿತ್ತು.

"ಮೊದಲು ಅದು ಉಸಿರು ಬಿಟ್ರೆ ಸಾಕು, ಹೊಡೀತಿತ್ತು," ಎಂದ. "ನಾನೇ ಅಷ್ಟು ಸಡಿಲ ಮಾಡಿದ್ದೆ. ಊರಿಗೆಲ್ಲ ಜಂಬ ಕೊಚ್ಕೊಂಡಿದ್ದೆ. ಆ ವರ್ಷ ಇಂಥದ್ದೇ ಮಂಜು. ನೀನು ನಿಮ್ಮಪ್ಪನ ಕಂದು ಕೋಟು ಹಾಕ್ಕೊಂಡಿದ್ದೆ. ತಲೆಗೆ ಬಿಳೀ ವಸ್ತ್ರ."

"ಹುಳ ಹಿಡಿದಿದೆ ಅಂತ ಸೌನಾ ಒಲೆಗೆ ಹಾಕಿದ್ಯಲ್ಲ, ಆ ಕೋಟು?"

"ಹುಳ ಇರ್ಲಿಲ್ಲ."

ಮುಂದೇನು ಬರುತ್ತದೆಂದು ಲೆಂಪಿಗೆ ಗೊತ್ತಾಗಿಹೋಯಿತು. ಆದರೂ ಅವನೇ ಹೇಳಲಿ ಎಂದು ಕಾದಳು.

"ಏನೋ ಬೀಳಿಸ್ಕೊಂಡು ಬಗ್ಗಿದ್ದೆ ನೀನು. ಕಂದು ಬೆನ್ನು ಕಾಣ್ತು, ಬಿಳೀದು ಅಲ್ಲಾಡ್ತು. ಜಿಂಕೆ ಬಾಲ ಅಂದ್ಕೊಂಡೆ." ಅವನು ಬಲಗೈಯ ತೋರುಬೆರಳನ್ನು ಮೇಜಿನ ಮೇಲೆ ಬಾಗಿಸಿದ. "ಗುರಿ ಇಟ್ಟಿದ್ದೆ, ಲೆಂಪಿ. ಬೆರಳು ಇಟ್ಟಾಗಿತ್ತು. ಅಷ್ಟರಲ್ಲಿ ನೀನು ಸೀನಿದೆ."

ಸೀನಿದ್ದು ಅವಳಿಗೆ ನೆನಪಿರಲಿಲ್ಲ. ನೆನಪಿದ್ದದ್ದು, ಮಂಜಿನಿಂದ ಒಮ್ಮೆಲೇ ಓಡಿ ಬಂದ ಗಂಡ ಬಿಳಿಚಿಕೊಂಡ ಮುಖದಲ್ಲಿ, ಜಿಂಕೆ ಓಡಿಸಿದೆ ಎಂದು ಕಿರುಚಿ ಬೈದದ್ದು. ಬಿಸಿ ಕಾಫಿ ಹಿಮಕ್ಕೆ ಚೆಲ್ಲಿ, ತಾನು ಅಳುತ್ತ ಮನೆಗೆ ಬಂದದ್ದು.

"ಅವತ್ತು ಸಂಜೆ ಸ್ಕ್ರೂ ತಿರುಗೋಷ್ಟೂ ಬಿಗಿದೆ. ಮನಸ್ಸು ಬದಲಾಯಿಸಿ ಮತ್ತೆ ಸಡಿಲ ಮಾಡಿಬಿಟ್ಟೇನು ಅಂತ ಭಯ. ನಿನ್ನ ಬಣ್ಣ ಹಚ್ಚಿದೆ. ಅದನ್ನ ಒಡೆಯೋಕೆ ನನಗೆ ಕೈ ಬರಲ್ಲ ಅಂತ ಗೊತ್ತಿತ್ತು."

"ಬಾಯಿಬಿಟ್ಟು ಹೇಳ್ಬಾರ್ದಿತ್ತೇನೋ, ಮಾರಾಯ?"

"ಏನಂತ ಹೇಳ್ಲಿ?"

ಅವಳಿಗೆ ಅವನ ಮೇಲೆ ಕೋಪ ಬಂತು, ಅಯ್ಯೋ ಎನ್ನಿಸಿತು, ಅಪ್ಪಿಕೊಳ್ಳಬೇಕೆನಿಸಿತು. ಮೂರನ್ನೂ ಒಟ್ಟಿಗೆ ಮಾಡಲಾರದೆ ಎದ್ದು ಹೋಗಿ ಅವನ ಹೆಗಲಿಗೆ ಕಂಬಳಿ ಹೊದಿಸಿದಳು. ಬಾಗಿಲ ಬಳಿಯ ಗಂಟೆಯ ಕಡೆ ಮಾತ್ರ ಅವಳು ನೋಡಲಿಲ್ಲ. ಕೈಗವಸಿನ ಸಂಗತಿ ನಾಲಿಗೆಯ ತುದಿಗೆ ಬಂದು ಅಲ್ಲೇ ನಿಂತಿತು.

"ಹೊಸದು ಬೇಡ ಬಿಡು," ಎಂದ ಒನ್ನಿ. "ಹಳೇದನ್ನೇ ಕೂರಿಸಿ ಡೇಲ್‌ಗೆ ಕೊಡು. ನಾನು ಹೋಗಲ್ಲ. ಹಗುರದ್ದು ನನ್ನ ಕೈಗೆ ಬೇಡ."

"ಎಷ್ಟು ಹಗುರ ಅಂತ ನೀನೇ ಹೇಳು. ಇದಕ್ಕೂ ಸ್ಕ್ರೂ ಇದೆ."

ಅವಳು ಹೊಸ ಟ್ರಿಗರನ್ನು ಜಾಗಕ್ಕೆ ಇಳಿಸಿ ಪಿನ್ನು ಕೂರಿಸಿದಳು. ಹಿಡಿಯನ್ನು ಜೋಡಿಸಿದಳು. ಕಿಟಕಿಯ ಕಟ್ಟೆಯಿಂದ ಬೋಲ್ಟ್ ತಂದು ಖಾಲಿ ಕೋವಿಗೆ ತೂರಿಸಿ, ಎಳೆದು ಸಿದ್ಧಮಾಡಿ, ರಬ್ಬರ್ ಸುತ್ತಿಗೆಯಿಂದ ಹಿಡಿಗೆ ಅಲ್ಲಲ್ಲಿ ಕುಟ್ಟಿದಳು. ತಾನಾಗಿ ಹೊಡೆದುಬಿಡುವ ಟ್ರಿಗರಾದರೆ ಹೀಗೆ ಕುಟ್ಟಿದಾಗ ಟಕ್ ಎಂದುಬಿಡುತ್ತದೆ ಎಂದು ಡೇಲ್ ಹೇಳಿದ್ದ. ಟಕ್ ಎನ್ನಲಿಲ್ಲ. ಕೋವಿಯನ್ನು ಒನ್ನಿಯ ಕೈಗಿತ್ತು, ನಳಿಗೆಯನ್ನು ಸೌದೆಯ ಪೆಟ್ಟಿಗೆಯ ಕಡೆ ತಿರುಗಿಸಿದಳು.

"ಎಳಿ."

ಟಕ್.

ಅವನ ಮುಖದಲ್ಲಿ ಮಗುವಿಗೆ ಆಗುವಂಥ ಸಂತೋಷ ಮೂಡಿ, ಕೂಡಲೇ ಮಾಯವಾಯಿತು. "ಬಹಳ ಹಗುರ. ಬಿಗಿ ಮಾಡು."

ಹಿಡಿ ಕಳಚಿ ಬಿಗಿದಳು. ಎಳೆದ. ಟಕ್. "ಇನ್ನೂ." ಮತ್ತೆ ಬಿಗಿದಳು. ಹೀಗೆ ಎಷ್ಟೋ ಸಲ. ಸೌನಾದ ಬಿಸಿ ಅವನ ಮೈಯಿಂದ ಇಳಿದು, ಕಾಫಿ ಆರಿ, ಕಿಟಕಿ ಕಪ್ಪಾಗುತ್ತ ಬಂತು. ಕಡೆಗೊಮ್ಮೆ ಬೆರಳಿನ ಗೆಣ್ಣು ಬೆಳ್ಳಗಾಗಿ, ಒಂದು ದೀರ್ಘ ಉಸಿರಿನಷ್ಟು ಹೊತ್ತು ತಡೆದು, ಟಕ್ ಎಂದಿತು.

"ಸಾಕು," ಎಂದ ಒನ್ನಿ. "ಇಷ್ಟು ಹೊತ್ತಿದ್ರೆ ಯಾರು ಅಂತ ಗೊತ್ತಾಗುತ್ತೆ."

ಬೆಳಿಗ್ಗೆ ಅವನು ಕೋಲೂರಿಕೊಂಡು, ಹೆಗಲಿಗೆ ಕೋವಿ ಹಾಕಿಕೊಂಡು, ಬಯ್ಯುತ್ತ ಬಯ್ಯುತ್ತ ಹುಲ್ಲುಗಾವಲು ದಾಟಿ ಹೋದ. ಮಂಜು ಮೊದಲು ಅವನ ಕಾಲನ್ನು ತೆಗೆದುಕೊಂಡಿತು, ಆಮೇಲೆ, ಜಿಂಕೆಯೆಂದು ಯಾರೂ ಹೊಡೆಯದಿರಲೆಂದು ತೊಟ್ಟ ಕಿತ್ತಳೆ ಕೋಟನ್ನು. ಬೆಳಕು ಹರಿದ ಮೇಲೆ ಲೆಂಪಿ ಫ್ಲಾಸ್ಕಿಗೆ ಕಾಫಿ ತುಂಬಿ, ಏಲಕ್ಕಿ ಹಾಕಿದ ಬ್ರೆಡ್ಡನ್ನು ಬಟ್ಟೆಯಲ್ಲಿ ಸುತ್ತಿ, ತನ್ನ ಕಿತ್ತಳೆ ಕೋಟು ತೊಟ್ಟು, ಗಂಟೆ ಹಿಡಿದು ಹೊರಟಳು. ಕಾಡಿನ ಅಂಚಿಗೆ ಬಂದಾಗಲೇ ಗೊತ್ತಾದದ್ದು: ಕೈ ತನ್ನ ಹಳೇ ಚಾಳಿಯಂತೆ ಗಂಟೆಯ ಬಾಯಿಗೆ ಕೈಗವಸು ತುರುಕಿಬಿಟ್ಟಿತ್ತು.

ಅವಳು ನಿಂತಳು. ಮುಂದೆ ಒಂದು ಮರವೂ ಕಾಣುತ್ತಿರಲಿಲ್ಲ. ಇಷ್ಟೂ ವರ್ಷ ಈ ಬಿಳುಪಿನೊಳಗೆ ಸದ್ದಿಲ್ಲದೆ, ಅವನ ಗುರಿಯೆದುರು ನಡೆದು ಹೋಗಿದ್ದಳು. ಕೈಗವಸನ್ನು ಎಳೆದು ತೆಗೆದು ಜೇಬಿಗೆ ಹಾಕಿ, ಗಂಟೆಯನ್ನು ಜೋರಾಗಿ ಆಡಿಸಿದಳು. ಎಲ್ಲೋ ಎಡಗಡೆ ರೆಂಬೆ ಮುರಿದ ಸದ್ದಾಯಿತು. ಬಿಳಿಯ ಬಾಲವೊಂದು ಎರಡು ಸಲ ಮಿಂಚಿ ಮಂಜಿನಲ್ಲಿ ಕರಗಿತು. "ಹೋಗು ತಾಯಿ, ಹೋಗು," ಎಂದು ಅವಳು ದಾರಿಯುದ್ದಕ್ಕೂ ಗಂಟೆ ಬಾರಿಸುತ್ತ ನಡೆದಳು.

ಗುಡಿಸಲಿನ ಮುಂದೆ ಒನ್ನಿ ದಿಮ್ಮಿಯ ಮೇಲೆ ಕೂತಿದ್ದ. ಕೋವಿ ಫರ್ ಮರಕ್ಕೆ ಒರಗಿತ್ತು, ಬೋಲ್ಟ್ ತೆರೆದಿತ್ತು. ಹೊರತೆಗೆದ ತೋಟಾಗಳು ಅವನ ಟೋಪಿಯಲ್ಲಿದ್ದವು.

"ಇವತ್ತೇನೋ ಗಂಟೆ ದೂರದಿಂದಲೇ ಕೇಳಿಸ್ತು ಕಣೇ," ಎಂದ, ಕಪ್ಪಿಗೆ ಕೈ ಚಾಚುತ್ತ. "ಪ್ರತಿ ವರ್ಷ ನೀನು ಬರ್ಚ್ ಮರದ ಹತ್ರ ಬಂದ ಮೇಲೇ ಕೇಳಿಸ್ತಿದ್ದದ್ದು. ತೋಟಾ ತೆಗೆಯೋಕೂ ಪುರುಸೊತ್ತು ಇರ್ತಿರ್ಲಿಲ್ಲ."

ಲೆಂಪಿ ಅವನ ಪಕ್ಕ ಕೂತು, ಕಾಫಿ ಬಗ್ಗಿಸಿದಳು. ಇನ್ನೊಂದು ಕೈ ಜೇಬಿನಲ್ಲಿತ್ತು. ಒದ್ದೆಯಾದ ಕೈಗವಸನ್ನು ಅದು ಬಿಗಿಯಾಗಿ ಹಿಡಿದುಕೊಂಡಿತ್ತು.