ತಲೆಯ ಮೇಲೆ ಇಟ್ಟ ಕೈ

ಶಿರಹಟ್ಟಿಯ ನಮ್ಮ ಸಣ್ಣ ಕ್ರೈಸ್ತ ಸಭೆಯಲ್ಲಿ ಕರ್ತನ ಭೋಜನಕ್ಕೆ, ಅಂದರೆ ಯೇಸುವಿನ ನೆನಪಿಗೆ ರೊಟ್ಟಿಯನ್ನೂ ರಸವನ್ನೂ ಹಂಚಿಕೊಳ್ಳುವ ಆರಾಧನೆಗೆ, ದ್ರಾಕ್ಷಾರಸ ಕುದಿಸುವ ಕೆಲಸ ನನ್ನದು. ಗದಗಿನ ಕಾಲೇಜಿನಲ್ಲಿ ರಸಾಯನಶಾಸ್ತ್ರ ಕಲಿಸಿ ನಿವೃತ್ತಳಾದವಳು ಎಂಬ ಕಾರಣಕ್ಕೆ ಅದು ನನ್ನ ಪಾಲಿಗೆ ಬಂತು. ಬೆಟಗೇರಿಯಿಂದ ಒಣದ್ರಾಕ್ಷಿ ತಂದು, ನೆನೆಹಾಕಿ, ಕುದಿಸಿ, ಬಿಳಿ ಬಟ್ಟೆಯಲ್ಲಿ ಸೋಸಿ, ಬಾಟಲಿಗೆ ತುಂಬಿಕೊಂಡು ಗದಗಿನಿಂದ ಮುಳಗುಂದದ ಮೇಲೆ ಶಿರಹಟ್ಟಿಗೆ ಹೋಗುವ ಬಸ್ಸು ಹತ್ತುತ್ತೇನೆ. ರಸ ಹುಳಿ ಬರಬಾರದು. ಹುಳಿ ಬಂತೆಂದರೆ ಮದ್ಯವಾಗುವ ದಾರಿ ಹಿಡಿಯಿತೆಂದೇ ನಮ್ಮ ಹಿರಿಯರ ಲೆಕ್ಕ. ಗದಗಿನ ದೊಡ್ಡ ಸಭೆಯವರಿಗೆ ಹುಳಿ ಬಂದದ್ದೇ ಬೇಕು. ನಮ್ಮಲ್ಲಿ ಒಬ್ಬೊಬ್ಬರಿಗೆ ಒಂದೊಂದು ಪುಟ್ಟ ಗಾಜಿನ ಲೋಟ, ಅವರಲ್ಲಿ ಎಲ್ಲರಿಗೂ ಒಂದೇ ಬೆಳ್ಳಿಯ ಪಾತ್ರೆ.

ಎರಡೂ ಸಭೆಗಳು ಒಂದಾಗಬೇಕೆಂದು ಮಾತುಕತೆ ಶುರುವಾದಾಗ ನಾನು ನಮ್ಮ ಕಡೆಯ ಕಾರ್ಯದರ್ಶಿ. ಲೋಟದ ಜಗಳ ಬಗೆಹರಿಯಿತು, ರಸದ ಜಗಳ ಬಗೆಹರಿಯಿತು, ಆಸ್ತಿಯದೂ ಬಗೆಹರಿಯಿತು. ಕೊನೆಗೆ ಉಳಿದದ್ದು ಸುಜ್ಞಾನಪ್ಪ ಅಯ್ಯನವರ ತಲೆಯೊಂದೇ.

ಅಯ್ಯನವರು ನಮ್ಮ ಸಭಾಪಾಲಕರು. ಹರೆಯದಲ್ಲಿ ಅವರ ತಲೆಯ ಮೇಲೆ ಕೈಯಿಟ್ಟು ಅವರನ್ನು ಈ ಸೇವೆಗೆ ನೇಮಿಸಿದವರು ಮೂವರು ಹಿರಿಯ ಸಭಾಪಾಲಕರು. ಅವರಲ್ಲಿ ಬಿಷಪ್ ಯಾರೂ ಇರಲಿಲ್ಲ. ನಮ್ಮಲ್ಲಿ ಬಿಷಪ್ ಎಂಬುವರೇ ಇಲ್ಲ. ದೊಡ್ಡ ಸಭೆಯಲ್ಲಿ ಹಾಗಲ್ಲ. ಒಬ್ಬ ಬಿಷಪ್ಪನ ಕೈ ತಲೆಯ ಮೇಲೆ ಬೀಳಬೇಕು. ಆ ಬಿಷಪ್ಪನ ತಲೆಯ ಮೇಲೆ ಹಿಂದಿನವರ ಕೈ, ಅವರ ಮೇಲೆ ಅವರ ಹಿಂದಿನವರ ಕೈ, ಹೀಗೆ ಯೇಸುವಿನ ಶಿಷ್ಯರವರೆಗೆ. ಆ ಸಾಲಿನಲ್ಲಿ ಸೇರದವನು ಮುರಿದು ಕೊಟ್ಟ ರೊಟ್ಟಿ ಏನಾಗುತ್ತದೆ? ಇದನ್ನು ಅವರು ಎಂದೂ ಜೋರಾಗಿ ಕೇಳಿದವರಲ್ಲ. ನಮ್ಮ ಅಯ್ಯನವರು ಕೊಟ್ಟ ದೀಕ್ಷಾಸ್ನಾನಕ್ಕೆ, ಮಾಡಿಸಿದ ಮದುವೆಗೆ ಅವರ ತಕರಾರಿಲ್ಲ. ತಕರಾರು ಆ ರೊಟ್ಟಿಯದು ಮಾತ್ರ.

ಈ ಪ್ರಶ್ನೆ ನಮ್ಮಿಂದ ಹುಟ್ಟಿದ್ದಲ್ಲ. ಇಂಗ್ಲೆಂಡಿನವರು ಇದರ ಮೇಲೆ ತಲೆಮಾರುಗಟ್ಟಲೆ ಕಾದಾಡಿದ್ದಾರೆ. 1947ರಲ್ಲಿ ದಕ್ಷಿಣ ಭಾರತದ ಸಭೆಗಳು ಒಂದಾದಾಗ, ಇದ್ದ ಸಭಾಪಾಲಕರನ್ನೆಲ್ಲ ಇದ್ದ ಹಾಗೆಯೇ ಒಪ್ಪಿಕೊಂಡರು. ಮುಂದೆ ಬರುವವರಿಗೆ ಮಾತ್ರ ಬಿಷಪ್ಪರ ಕೈ. ಮೂವತ್ತು ವರ್ಷ ಎರಡೂ ಬಗೆಯವರು ಜೊತೆಯಾಗಿ ಸೇವೆ ಮಾಡಲಿ, ಆಮೇಲೆ ನೋಡೋಣ ಎಂದರು. ಅಷ್ಟಕ್ಕೇ ಇಂಗ್ಲೆಂಡಿನಲ್ಲಿ ಗದ್ದಲವೆದ್ದಿತು. ಉತ್ತರ ಭಾರತದವರು 1970ರಲ್ಲಿ ಬೇರೆ ದಾರಿ ಹಿಡಿದರು: ಒಬ್ಬರ ತಲೆಯ ಮೇಲೆ ಒಬ್ಬರು ಕೈಯಿಡುವುದು, ಯಾರಿಗೆ ಏನು ಬೇಕೋ ದೇವರು ಕೊಡಲಿ ಎಂದು ಪ್ರಾರ್ಥಿಸುವುದು. ನಮ್ಮ ಅಜ್ಜಂದಿರು ಎರಡಕ್ಕೂ ಸೇರದೆ ಹೊರಗೇ ಉಳಿದರು.

ನಾನು ದಕ್ಷಿಣದ ದಾರಿ ಕೇಳಿದೆ. ಅಯ್ಯನವರನ್ನು ಇದ್ದ ಹಾಗೆ ಒಪ್ಪಿಕೊಳ್ಳಿ ಎಂದೆ. ಆ ಬಾಗಿಲು ಮುಚ್ಚಿ ಬಹಳ ಕಾಲವಾಯಿತು ಎಂದರು ದೊಡ್ಡ ಸಭೆಯವರು. ಉಳಿದದ್ದು ಉತ್ತರದ ದಾರಿ.

ಅದನ್ನು ಹೇಳಲು ಅವರ ಮನೆಗೆ ಹೋದಾಗ ಅಯ್ಯನವರು ಅಂಗಳದಲ್ಲಿ ಕುಳಿತು ಹೀರೇಕಾಯಿ ಹೆರೆಯುತ್ತಿದ್ದರು. ಹೆಂಡತಿ ತೀರಿದ ಮೇಲೆ ಅಡಿಗೆ ಅವರದೇ.

"ಬರ್ರಿ ಅಕ್ಕಾರ, ಕುಂಡ್ರಿ. ನನ್ನ ತಲಿ ಎಷ್ಟಕ್ಕ ಹರಾಜ್ ಆತು?"

"ಬಿಷಪ್ರೂ ನಿಮ್ಮ ಮುಂದ ಬಗ್ಗತಾರ್ರಿ. ನೀವೂ ಅವರ ತಲಿ ಮ್ಯಾಲೆ ಕೈ ಇಡೂದು. ಇಬ್ಬರೂ ಸರಿಸಮ."

"ನಾ ಬಗ್ಗಿದ್ರ ನಾ ಇಷ್ಟ ದಿನ ಕೊಟ್ಟದ್ದು ಏನಾತು?"

"ಏನೂ ಆಗೂದಿಲ್ರಿ. ತುಂಬಿದ ಕೊಡಕ್ಕ ಮತ್ತ ನೀರ ಹಾಕಿದ್ರ ಕೊಡ ಖಾಲಿ ಆಗತೈತೇನು?"

ಅವರು ಹೀರೇಕಾಯಿಯ ಸಿಪ್ಪೆಯನ್ನು ಒಂದು ಬದಿಗೆ ಸರಿಸಿದರು. "ಇಲ್ಲ. ಆದ್ರ ನೋಡಾಂವಾ ಕೊಡ ಖಾಲಿ ಇತ್ತು ಅಂತನ ತಿಳೀತಾನ."

ಆಮೇಲೆ ಯಳವತ್ತಿಯ ಫಕ್ಕೀರಪ್ಪನ ಮಾತು ತೆಗೆದರು. ಅವನಿಗೆ ಬಾಯಿಯ ಕ್ಯಾನ್ಸರ್ ಆಗಿತ್ತು. ಕೊನೆಯ ದಿನ ನುಂಗಲಿಕ್ಕೂ ಆಗುತ್ತಿರಲಿಲ್ಲ. ಅಯ್ಯನವರು ಸೈಕಲ್ಲಿನ ಮೇಲೆ ಹೋಗಿ, ರೊಟ್ಟಿಯ ಒಂದು ಕಣವನ್ನು ನಾನು ಕುದಿಸಿದ ರಸದಲ್ಲಿ ನೆನೆಸಿ, ನಾಲಿಗೆಯ ಮೇಲೆ ಇಟ್ಟಿದ್ದರು.

"'ಸಿಹಿ ಐತ್ರಿ ಅಯ್ನಾರ' ಅಂದ. ಆಮ್ಯಾಲೆ ಮಾತಾಡಲಿಲ್ಲ. ನಾ ಈಗ ಹೋಗಿ ಮೊಣಕಾಲೂರಿದ್ರ ಅಂವಾ ಹಸದ ಹೋದಂಗ ಆತಲ್ರಿ. ನಿಮ್ಮ ಅವ್ವಾರೂ."

ನನ್ನ ತಾಯಿಗೂ ಕೊನೆಯ ತುತ್ತು ಕೊಟ್ಟದ್ದು ಅದೇ ಕೈ. ನಾನು ಎದ್ದು ಬಸ್ಸು ಹಿಡಿದೆ.

ಅವರ ಮನಸ್ಸು ತಿರುಗಿಸಿದ್ದು ನನ್ನ ವಾದವಲ್ಲ. ಅದಾದ ಮುಂದಿನ ತಿಂಗಳ ಒಂದು ಭಾನುವಾರ ಅವರಿಗೆ ಆರಾಧನೆಯ ನಡುವೆಯೇ ಎದೆ ನೋವು ಬಂತು. ಮೇಜಿನ ಮೇಲೆ ರೊಟ್ಟಿ ಇತ್ತು, ಅದರ ಮೇಲೆ ಬಿಳಿ ಬಟ್ಟೆ ಮುಚ್ಚಿತ್ತು, ಲೋಟಗಳು ತುಂಬಿದ್ದವು. ಅವರು ಗೋಡೆಗೆ ಆತು ಕುಳಿತರು. ಜನ ಕಾದರು. ಆ ಬಟ್ಟೆ ತೆಗೆಯಬಲ್ಲವರು ನಮ್ಮಲ್ಲಿ ಇನ್ನೊಬ್ಬರಿರಲಿಲ್ಲ. ಅವರ ತಲೆಯ ಮೇಲೆ ಕೈಯಿಟ್ಟ ಮೂವರೂ ಮಣ್ಣಾಗಿದ್ದರು, ಹೊಸಬರನ್ನು ನೇಮಿಸಲು ನಮ್ಮ ನಿಯಮದಂತೆಯೂ ಒಬ್ಬರೇ ಸಾಲುತ್ತಿರಲಿಲ್ಲ. ಜನ ಒಬ್ಬೊಬ್ಬರಾಗಿ ಎದ್ದು ಬರಿಬಾಯಲ್ಲಿ ಮನೆಗೆ ಹೋದರು. ಅಯ್ಯನವರು ಗೋಡೆಗೆ ಆತು ಕುಳಿತಲ್ಲಿಂದಲೇ ಅದನ್ನು ನೋಡಿದರು.

"ಬಗ್ಗತೀನಿ ಅಂತ ಬರೀರಿ," ಎಂದರು ನನಗೆ. "ನನ್ನ ಹಿಂದ ಇವರು ಉಪವಾಸ ಬೀಳಬಾರದು."

ನಿಗದಿಯಾದ ದಿನ ನಮ್ಮವರನ್ನೆಲ್ಲ ಗದಗಿಗೆ ಕರೆದೊಯ್ದದ್ದು ಶಿರಹಟ್ಟಿಯ ಖಲೀಲನ ಬಾಡಿಗೆ ಟೆಂಪೋ. ದಾರಿಯುದ್ದಕ್ಕೂ ಅವನು ಅಯ್ಯನವರನ್ನು ನಗಿಸಲು ನೋಡಿದ.

"ನಮ್ಮೊಳಗೂ ಐತ್ರಿ ಅಯ್ನಾರ ಇಂಥಾದ್ದು. ಈದ್ ಬಂತಂದ್ರ, ಚಂದ್ರ ಕಂಡಾನ ಅಂತ ಒಬ್ಬಾಂವ, ಇಲ್ಲಂತ ಇನ್ನೊಬ್ಬಾಂವ. ಚಂದ್ರ ಪಾಪ, ಮ್ಯಾಲೆ ಕುಂತು ನಗತಿರತಾನ."

"ನಿಮಗ ಚಂದ್ರ ಕಾಣವಲ್ಲ, ನಮಗ ಕೈ ಕಾಣವಲ್ದು," ಎಂದರು ಅಯ್ಯನವರು.

ಬಿಷಪ್ಪರು ಒಳ್ಳೆಯವರು. ಅಯ್ಯನವರು ಮೊಣಕಾಲೂರಿದಾಗ ಅವರ ತಲೆಯ ಮೇಲೆ ಮೆಲ್ಲಗೆ, ಮಗುವಿನ ನೆತ್ತಿ ಮುಟ್ಟಿದ ಹಾಗೆ ಕೈಯಿಟ್ಟರು. ಆಮೇಲೆ ತಾವೂ ಮೊಣಕಾಲೂರಿದರು. ಅವರ ಮೊಣಕಾಲು ಕೆಟ್ಟಿತ್ತು, ಇಬ್ಬರು ಹಿಡಿದು ಇಳಿಸಬೇಕಾಯಿತು. ಅಯ್ಯನವರು ಆ ಬಿಳಿಕೂದಲಿನ ಮೇಲೆ ಕೈಯಿಟ್ಟರು. ತರಗತಿಯಲ್ಲಿ, ಎರಡೂ ದಿಕ್ಕಿಗೆ ನಡೆಯುವ ರಾಸಾಯನಿಕ ಕ್ರಿಯೆ ತೋರಿಸಲು, ಎರಡೂ ಕಡೆ ಮುಖ ಮಾಡಿದ ಬಾಣಗಳನ್ನು ಹಲಗೆಯ ಮೇಲೆ ಬರೆಯುತ್ತಿದ್ದವಳು ನಾನು. ಅದು ಇಲ್ಲಿ ಕಣ್ಣೆದುರು ನಡೆಯಿತು ಎಂದು ಸಮಾಧಾನಪಟ್ಟೆ.

ಊಟದ ಹೊತ್ತಿಗೆ ಪಲಾವಿನ ತಟ್ಟೆ ಹಿಡಿದು ನಿಂತಿದ್ದಾಗ ದೊಡ್ಡ ಸಭೆಯ ಹಿರಿಯರೊಬ್ಬರು ಬಂದು ಅಯ್ಯನವರ ಕೈ ಕುಲುಕಿದರು. ಮನಸ್ಸಿನಲ್ಲಿ ಕಪಟವಿಲ್ಲದ ಮನುಷ್ಯ.

"ಭಾಳ ಸಂತೋಷ ಆತ್ರಿ. ಈಗ ನೀವು ಪೂರಾ ಅಯ್ನಾರು ಆದ್ರಿ."

ಅಂಥ ಮಾತನ್ನು ಬಿಷಪ್ಪರಿಗೆ ಯಾರೂ ಹೇಳಲಿಲ್ಲ. ನಮ್ಮ ಪಕ್ಕದಲ್ಲಿ ತಟ್ಟೆ ಹಿಡಿದು ನಿಂತಿದ್ದ ದಾನವ್ವ, ಯಳವತ್ತಿಯ ಫಕ್ಕೀರಪ್ಪನ ಹೆಂಡತಿ, ಅಯ್ಯನವರ ಮುಖವನ್ನೇ ನೋಡುತ್ತಿದ್ದಳು.

ಆ ವಾರದಲ್ಲೇ ಅವಳು ಫೋನ್ ಮಾಡಿದಳು. ಒಂದು ಸಣ್ಣ ಕೆಲಸವಿದೆ, ಅಯ್ಯನವರು ಬರಬೇಕು ಎಂದಳು. ಕೃತಜ್ಞತೆಯ ಪ್ರಾರ್ಥನೆ ಇರಬೇಕೆಂದು ನಾನೂ ಅವರ ಜೊತೆ ಹೊರಟೆ. ಯಳವತ್ತಿಗೆ ಬಿಟ್ಟವನು ಖಲೀಲನೇ.

ದಾನವ್ವ ಮನೆಯೊಳಗೆ ಕರೆಯಲಿಲ್ಲ. ಹೊಲದ ದಾರಿ ಹಿಡಿದಳು. ಬದುವಿನ ಮೇಲೆ ಬೇವಿನ ಗಿಡದ ಕೆಳಗೆ ಫಕ್ಕೀರಪ್ಪನ ಸಮಾಧಿ. ಅದರ ಸುತ್ತ ಕಸ ಕಿತ್ತು ನೀರು ಚಿಮುಕಿಸಿದ್ದಳು. ಸೆರಗಿನಲ್ಲಿದ್ದ ಸ್ಟೀಲಿನ ಡಬ್ಬಿ ತೆಗೆದಳು. ಒಳಗೆ ಬ್ರೆಡ್ಡಿನ ತುಂಡುಗಳು, ಕರ್ತನ ಭೋಜನಕ್ಕೆಂದು ನಮ್ಮ ಗುಡಿಯಲ್ಲಿ ಕೊಯ್ಯುವ ಅಳತೆಗೇ ಕೊಯ್ದವು. ಪಕ್ಕದಲ್ಲಿ ನಮ್ಮ ಗುಡಿಯ ಒಂದು ಪುಟ್ಟ ಗಾಜಿನ ಲೋಟ.

"ಇವರಿಗೆ ಇನ್ನೊಮ್ಮೆ ಕೊಡ್ರಿ ಅಯ್ನಾರ."

ಅಯ್ಯನವರಿಗೆ ತಕ್ಷಣ ತಿಳಿಯಲಿಲ್ಲ. "ಸತ್ತವರಿಗೆ ಕೊಡೂದಿಲ್ಲವ್ವ. ನಿನಗ ಗೊತ್ತೈತಲ್ಲ."

"ಗೊತ್ತೈತ್ರಿ. ಜೀವ ಇದ್ದಾಗ ಕೊಟ್ಟದ್ದು ಪೂರಾ ಆಗಿರಲಿಲ್ಲಲ್ರಿ. ಅದಕ್ಕ."

"ಅದು ಪೂರಾನ ಇತ್ತು ದಾನವ್ವಾ. ಏನೂ ಕಡಿಮಿ ಇರಲಿಲ್ಲ."

"ಹಂಗಾರ ಮೊನ್ನಿ ಯಾಕ ಮೊಣಕಾಲೂರಿದ್ರಿ?"

ಅವಳು ಚುಚ್ಚಿ ಕೇಳಲಿಲ್ಲ. ತಿಳಿಯಬೇಕೆಂದೇ ಕೇಳಿದಳು.

"ಬಿಷಪ್ರೂ ಬಗ್ಗಿದ್ರಲ್ಲ ದಾನವ್ವ," ಎಂದೆ ನಾನು. "ನೀನು ನೋಡಿದಿ."

"ಬಿಷಪ್ರು ಬಗ್ಗಿದ್ದು ಅವರ ದೊಡ್ಡಸ್ತನರಿ ಅಕ್ಕಾರ. ನಮ್ಮ ಅಯ್ನಾರ ಬಗ್ಗಿದ್ದು..." ಮರ್ಯಾದೆಗಾಗಿ ಅಲ್ಲಿಗೇ ನಿಲ್ಲಿಸಿದಳು.

ಅಯ್ಯನವರು ಡಬ್ಬಿಯಿಂದ ಒಂದು ತುಂಡು ಎತ್ತಿಕೊಂಡರು. ಅದನ್ನು ಮುರಿದು ಪ್ರಾರ್ಥಿಸಿದರೆ, ಅಂದು ಆ ನಾಲಿಗೆಯ ಮೇಲೆ ಇಟ್ಟದ್ದು ಸುಳ್ಳು ಎಂದು ಅವರೇ ಸಹಿ ಹಾಕಿದಂತೆ. ಮುರಿಯದಿದ್ದರೆ, ಗಂಡ ಹಸಿದು ಹೋದ ಎಂದೇ ಈ ಹೆಂಗಸು ಸಾಯುವವರೆಗೆ ನಂಬುತ್ತಾಳೆ. ಬೇವಿನ ಎಲೆಗಳು ಸಮಾಧಿಯ ಮೇಲೆ ಉದುರುತ್ತಿದ್ದವು. ಎಷ್ಟೋ ಹೊತ್ತು ಅವರು ಆ ತುಂಡನ್ನು ಹಿಡಿದೇ ನಿಂತರು. ಆಮೇಲೆ ಡಬ್ಬಿಯಲ್ಲಿ ವಾಪಸ್ಸಿಟ್ಟು ಮುಚ್ಚಳ ಒತ್ತಿದರು.

"ನನ್ನ ಕೈಲೆ ಆಗೂದಿಲ್ಲವ್ವ."

ದಾನವ್ವ ತಲೆಯಾಡಿಸಿದಳು. ಈಗಲೂ ಆ ಕೈ ಸಾಲದು ಎಂದೇ ಅವಳಿಗೆ ಅರ್ಥವಾಗಿತ್ತು. ಅದು ಅವಳ ಮುಖದಲ್ಲಿ ನನಗೂ ಕಂಡಿತು, ಅವರಿಗೂ ಕಂಡಿತು.

"ಆತು ಬಿಡ್ರಿ. ಗದಗಿನವರನ್ನ ಕೇಳತೀನಿ," ಎಂದಳು. ಆಮೇಲೆ, "ಬಿಸಲಾಗ ಬಂದೀರಿ. ಚಾ ಕುಡದ ಹೋಗ್ರಿ," ಎಂದಳು.

ಅಯ್ಯನವರು ಚಹಾ ಕುಡಿದರು.

ಭಾನುವಾರ ಗದಗಿನಿಂದ ಪ್ರಫುಲ್ಲ ಎಂಬ ಯುವ ಸಭಾಪಾಲಕ ಬಂದ. ಅಯ್ಯನವರ ಜೊತೆ ಮೇಜಿನ ಬಳಿ ನಿಂತು ಸಹಾಯ ಮಾಡಲೆಂದು ಅವನನ್ನು ಕಳಿಸಿದ್ದರು. ಅಯ್ಯನವರು ಮೇಜಿನ ಬಳಿ ಹೋಗಲಿಲ್ಲ. ನಿಲುವಂಗಿ ಹಾಕದೆ, ಬರೀ ಅಂಗಿಯಲ್ಲಿ ಬಂದು ಕೊನೆಯ ಬೆಂಚಿನ ಮೇಲೆ ಕುಳಿತರು. ಆರೋಗ್ಯ ಸರಿಯಿಲ್ಲವೆಂದು ಪ್ರಫುಲ್ಲ ತಿಳಿದುಕೊಂಡ. ಬೆಳ್ಳಿಯ ಪಾತ್ರೆ, ಹುಳಿ ಬಂದ ರಸ ಎರಡನ್ನೂ ಜೊತೆಗೆ ತಂದಿದ್ದ. ನಾನು ಅಭ್ಯಾಸಬಲದಿಂದ ಕುದಿಸಿ ತಂದ ಬಾಟಲಿ ಚೀಲದಲ್ಲೇ ಉಳಿಯಿತು.

ಭೋಜನಕ್ಕೆ ಮೊದಲು ಅವನು ಒಂದು ಪ್ರಕಟಣೆ ಮಾಡಿದ. ತೀರಿಕೊಂಡವರ ಹೆಸರುಗಳನ್ನು ಈ ಮೇಜಿನ ಬಳಿ ಪ್ರಾರ್ಥನೆಯಲ್ಲಿ ನೆನೆಯುವುದು ತಮ್ಮಲ್ಲಿನ ರೂಢಿ, ಬೇಕಾದವರು ಬಂದು ಹೆಸರು ಹೇಳಬಹುದು. ನಮ್ಮಲ್ಲಿ ಆ ರೂಢಿಯೇ ಇರಲಿಲ್ಲ. ಸತ್ತವರು ದೇವರ ಕೈಯಲ್ಲಿದ್ದಾರೆ, ಅವರಿಗಾಗಿ ಕೇಳುವುದೇನಿಲ್ಲ ಎಂದೇ ಅಯ್ಯನವರು ನಮಗೆ ಕಲಿಸಿದ್ದರು.

ಮೊದಲು ಎದ್ದವಳು ದಾನವ್ವ. ಅವಳ ಹಿಂದೆ ಇನ್ನೊಬ್ಬರು, ಅವರ ಹಿಂದೆ ಮತ್ತೊಬ್ಬರು. ನೂಕುನುಗ್ಗಲಿಲ್ಲ, ಮಾತಿಲ್ಲ. ಒಬ್ಬೊಬ್ಬರೇ ಬಗ್ಗಿ ಪ್ರಫುಲ್ಲನ ಕಿವಿಯಲ್ಲಿ ಹೆಸರು ಹೇಳುತ್ತಿದ್ದರು. ಅಯ್ಯನವರು ಕೊನೆಯ ತುತ್ತು ಕೊಟ್ಟು ಕಳಿಸಿದವರ ಹೆಸರುಗಳು ಅವು. ಯಾರ ಕಣ್ಣನ್ನು ಅವರು ಮುಚ್ಚಿದ್ದರೋ, ಯಾರ ಮಣ್ಣಿಗೆ ಹೋಗಿದ್ದರೋ, ಆ ಎಲ್ಲ ಹೆಸರುಗಳು.

ಹಿಂದೆ ತಿರುಗಿ ನೋಡಿದೆ. ಬೆಂಚುಗಳು ಖಾಲಿಯಾಗಿದ್ದವು. ಕೊನೆಯ ಬೆಂಚಿನಲ್ಲಿ ಅಯ್ಯನವರು ಎರಡೂ ಕೈಗಳನ್ನು ಮೊಣಕಾಲ ಮೇಲೆ ಇಟ್ಟುಕೊಂಡು ಕುಳಿತಿದ್ದರು. ಅವರು ನನ್ನನ್ನೇ ನೋಡುತ್ತಿದ್ದರು. ಆಗ ನನಗೆ ಗೊತ್ತಾಯಿತು, ನಾನೂ ಸಾಲಿನಲ್ಲಿ ನಿಂತಿದ್ದೆ. ನನ್ನ ಮುಂದೆ ಒಬ್ಬರೇ ಉಳಿದಿದ್ದರು, ಅವ್ವನ ಹೆಸರು ನನ್ನ ನಾಲಿಗೆಯ ತುದಿಗೆ ಬಂದಿತ್ತು.